ನೀರಗಂಟಿ ಆಂಜಿನಪ್ಪ ಡ್ರೈವರ್ ಹುಡುಕಿದ್ದು

ಆಂಜಿನಪ್ಪನಿಗೆ ದಿಗಿಲು ಎಂಬುದು ಹುಟ್ಟಿನಿಂದಲೇ ಅಂಟಿಬಂದದ್ದು. ಸೂಲಿಬೆಲೆಗೆ ನಾಲ್ಕು ಕಿಲೋಮೀಟರು ದೂರದ ಒಂದು ಹಳ್ಳಿಗೆ ಹದಿನೆಂಟು ವರ್ಷದಿಂದ ಅವನೇ ನೀರಗಂಟಿ. ಪಂಚಾಯಿತಿಯ ಕಾಗದದಲ್ಲಿ ವಾಟರ್‌ಮ್ಯಾನ್. ಬೆಳಿಗ್ಗೆ ಆರಕ್ಕೆ ವಾಲ್ವು ತಿರುಗಿಸಿ ಮೇಲಿನ ಬೀದಿಗೆ ನೀರು ಬಿಡುವುದು, ಏಳಕ್ಕೆ ಅದನ್ನು ಮುಚ್ಚಿ ಕೆಳಗಿನ ಬೀದಿಗೆ ಬಿಡುವುದು, ಇಷ್ಟೇ ಕೆಲಸ. ಬೇರೆಯವರಾಗಿದ್ದರೆ ನಡುವಿನ ಒಂದು ಗಂಟೆ ಟೀ ಕುಡಿದುಕೊಂಡು ಕೂರುತ್ತಿದ್ದರು. ಆಂಜಿನಪ್ಪ ಅರ್ಧ ದಾರಿ ಬಂದವನು ಮತ್ತೆ ಹಿಂದಕ್ಕೆ ಹೋಗಿ, ವಾಲ್ವು ಸರಿಯಾಗಿ ತಿರುಗಿದೆಯೇ ಎಂದು ಮುಟ್ಟಿ ನೋಡಿ ಬರುತ್ತಿದ್ದ. ಈ ಮನುಷ್ಯ ಸತ್ತ ಮೇಲೂ ಚಟ್ಟದಿಂದ ಎದ್ದು ಹೋಗಿ ವಾಲ್ವು ನೋಡಿಕೊಂಡು ಬರುತ್ತಾನೆ ಎಂದು ಹೆಂಡತಿ ಪಾಪಮ್ಮ ಹೇಳುತ್ತಿದ್ದುದರಲ್ಲಿ ಸುಳ್ಳೇನೂ ಇರಲಿಲ್ಲ.

ಇಂಥವನಿಗೆ ಇದ್ದವಳು ಒಬ್ಬಳೇ ಮಗಳು, ಹರ್ಷಿತ. ಎರಡು ವರ್ಷದ ಮಗುವಾಗಿದ್ದಾಗ ಬಂದ ಜ್ವರದಲ್ಲಿ ಅವಳ ಕಿವಿ ಹೋಯಿತು. ಕಿವಿಯ ಹಿಂದೆಯೇ ಮಾತೂ ಹೋಯಿತು. ಬೆಂಗಳೂರಿನ ಒಂದು ಕಿವುಡು ಮಕ್ಕಳ ಶಾಲೆಯ ಹಾಸ್ಟೆಲಿನಲ್ಲಿದ್ದು ಎಸ್ಸೆಸ್ಸೆಲ್ಸಿ ಪಾಸು ಮಾಡಿಕೊಂಡು ಬಂದವಳು, ನಾಲ್ಕು ವರ್ಷದಿಂದ ಮನೆಯಲ್ಲೇ ಇದ್ದಳು. ಅಪ್ಪ ಅಮ್ಮನಿಗೂ ಅವಳಿಗೂ ನಡುವೆ ಮನೆಯದೇ ಒಂದಷ್ಟು ಸನ್ನೆಗಳಿದ್ದವು. ಊಟ, ನೀರು, ಹಸು, ಬಾ, ಹೋಗು, ಬಿಸಿ, ದುಡ್ಡು, ಅಜ್ಜಿ. ಒಟ್ಟು ಮೂವತ್ತೋ ನಲವತ್ತೋ. ಅಷ್ಟರಲ್ಲೇ ಸಂಸಾರ ನಡೆಯುತ್ತಿತ್ತು. ಹೊರಗಿನವರು ಹರ್ಷಿತಳನ್ನು ಏನಾದರೂ ಕೇಳಿದರೆ ಆಂಜಿನಪ್ಪನೇ ಉತ್ತರ ಹೇಳುತ್ತಿದ್ದ. ಅವಳಿಗೆ ಮುದ್ದೆ ಎಂದರೆ ಇಷ್ಟ, ಅವಳಿಗೆ ಬಸ್ಸೆಂದರೆ ಆಗದು, ಅವಳಿಗೆ ಈಗಲೇ ಮದುವೆ ಬೇಡವಂತೆ. ಮಗಳ ಬಾಯಿ ತಾನೇ ಎಂಬ ಹೆಮ್ಮೆ ಅವನಿಗಿತ್ತು. ಆ ಹೆಮ್ಮೆಯ ಅಡಿಯಲ್ಲೇ ಅವನ ಎಲ್ಲ ದಿಗಿಲುಗಳ ತಾಯಿ ಕುಳಿತಿದ್ದಳು: ತಾನು ಹೋದ ಮೇಲೆ ಇವಳ ಪರವಾಗಿ ಮಾತಾಡುವವರು ಯಾರು?

ದೇವನಹಳ್ಳಿಯ ಹತ್ತಿರ ವಿಮಾನ ನಿಲ್ದಾಣ ಶುರುವಾಗಿ ನಾಲ್ಕನೆಯ ವರ್ಷ ನಡೆಯುತ್ತಿತ್ತು. ವಿಮಾನದಲ್ಲಿ ಹೋಗುವವರಿಗೆ ಊಟದ ತಟ್ಟೆ ಜೋಡಿಸಿ ಕಳಿಸುವ ಒಂದು ಅಡುಗೆಮನೆಗೆ ಆರು ಜನ ಬೇಕಾಗಿದ್ದರು. ಯಂತ್ರಗಳ ಗದ್ದಲದ ನಡುವಿನ ಕೆಲಸ, ಕಿವಿ ಕೇಳದವರಾದರೆ ಒಳ್ಳೆಯದೇ ಎಂದು ಅವರೇ ಹೇಳಿದ್ದರಂತೆ. ಹಾಸ್ಟೆಲಿನ ಹಳೆಯ ಮೇಡಂ ಹರ್ಷಿತಳ ಹೆಸರು ಕಳಿಸಿದರು. ಸಂಬಳ, ಊಟ, ಮನೆ ಹತ್ತಿರದಿಂದಲೇ ವ್ಯಾನು. ಫೆಬ್ರವರಿಯ ಒಂದು ಗುರುವಾರ ಬೆಳಿಗ್ಗೆ ಹನ್ನೊಂದಕ್ಕೆ ಮುಂಬಯಿಯ ದೊಡ್ಡ ಆಫೀಸಿನಿಂದ ಕಂಪ್ಯೂಟರಿನಲ್ಲಿ ವಿಡಿಯೋ ಕರೆ ಬರುತ್ತದೆ, ಸನ್ನೆ ಭಾಷೆ ಬಲ್ಲ ಅಧಿಕಾರಿ ಅಲ್ಲಿರುತ್ತಾರೆ, ಅಭ್ಯರ್ಥಿ ಒಬ್ಬರೇ ಕ್ಯಾಮೆರಾದ ಮುಂದೆ ಕೂರಬೇಕು ಎಂದು ಪತ್ರದಲ್ಲಿತ್ತು. ಹತ್ತು ನಿಮಿಷ ಕಾಯುತ್ತೇವೆ, ಸಿಗದಿದ್ದರೆ ಮುಂದಿನವರನ್ನು ಕರೆಯುತ್ತೇವೆ ಎಂದೂ ಇತ್ತು. ಈ ಕೊನೆಯ ಸಾಲನ್ನು ಆಂಜಿನಪ್ಪ ಊರಿನ ಮೂರು ಜನರಿಂದ ಓದಿಸಿ ಕೇಳಿದ. ಮೂವರೂ ಒಂದೇ ರೀತಿ ಓದಿದರು.

ಸೂಲಿಬೆಲೆಯಲ್ಲಿ ಕ್ಯಾಮೆರಾ ಇದ್ದ ಕಂಪ್ಯೂಟರು ದೇವೇಂದ್ರನ ಆನ್‌ಲೈನ್ ಸೆಂಟರಿನಲ್ಲಿ ಮಾತ್ರ. ಪಹಣಿ, ಬಸ್ ಪಾಸು, ಪರೀಕ್ಷೆಯ ಫಲಿತಾಂಶ ಎಲ್ಲಕ್ಕೂ ಜನ ಅಲ್ಲಿಗೇ ಹೋಗುತ್ತಿದ್ದರು. ಇನ್ನು ಹೊಸಕೋಟೆಯ ಸೆಂಟರುಗಳವರು, ಹುಡುಗ ಹುಡುಗಿಯರು ಗಂಟೆಗಟ್ಟಲೆ ಕೂತು ನಗುತ್ತಾರೆಂದು ಕ್ಯಾಮೆರಾಗಳನ್ನೇ ಕಿತ್ತು ಒಳಗಿಟ್ಟಿದ್ದರು. ಆಂಜಿನಪ್ಪ ಹದಿನೈದು ದಿನ ಮೊದಲೇ ದೇವೇಂದ್ರನಿಗೆ ಹೇಳಿಟ್ಟಿದ್ದ. ಆಮೇಲೆ ದಿನಕ್ಕೊಂದು ಸಲ ಹೋಗಿ ನೆನಪಿಸಿದ್ದ. ಬುಧವಾರ ಸಂಜೆ ಒಮ್ಮೆ ನೋಡೇಬಿಡೋಣ ಎಂದು ಮಗಳನ್ನು ಟಿವಿಎಸ್ಸಿನ ಹಿಂದೆ ಕೂರಿಸಿಕೊಂಡು ಬಂದ. ಮಧ್ಯಾಹ್ನವೆಲ್ಲ ಇಲ್ಲದ ಕರೆಂಟು ಬಂದದ್ದು ಆರೂವರೆಗೆ. ದೇವೇಂದ್ರ ಕಂಪ್ಯೂಟರು ಹಚ್ಚಿ ಕ್ಯಾಮೆರಾದ ವೈರು ಸಿಕ್ಕಿಸಿದ. ಪರದೆಯ ಮೇಲೆ ಕಪ್ಪು ಚೌಕವೊಂದು ಬಂತು. ಚಿತ್ರ ಬರಲಿಲ್ಲ.

ದೇವೇಂದ್ರ ವೈರು ಕಿತ್ತು ಇನ್ನೊಂದು ತೂತಿಗೆ ಹಾಕಿದ. ಊದಿದ, ತಟ್ಟಿದ. ಆಮೇಲೆ ತಲೆಗೆ ಕೈ ಹಚ್ಚಿಕೊಂಡ. ಸೋಮವಾರ ವೈರಸ್ಸಿನ ಕಾಟ ಹೆಚ್ಚಿತೆಂದು ಕಂಪ್ಯೂಟರನ್ನು ಪೂರ್ತಿ ತೊಳೆದು ಹೊಸದಾಗಿ ಮಾಡಿಸಿದ್ದನಂತೆ. ಹಾಗೆ ತೊಳೆದಾಗ ಕ್ಯಾಮೆರಾದ ಡ್ರೈವರೂ ಹೋಗಿತ್ತು.

“ಡ್ರೈವರ್ ಅಂದ್ರೆ ಅದೊಂದು ಸಾಫ್ಟ್‌ವೇರು ಅಣ್ಣ. ಕ್ಯಾಮೆರಾ ಹೇಳೋದು ಕಂಪ್ಯೂಟರ್‌ಗೆ ತಿಳಿಯೋ ಹಂಗೆ ಮಾಡೋದು. ನೀನು ಹರ್ಷಿತಂಗೆ ಮಾಡ್ತೀಯಲ್ಲ, ಹಂಗೆ.”

ಇದು ಆಂಜಿನಪ್ಪನಿಗೆ ಚೆನ್ನಾಗಿಯೇ ಅರ್ಥವಾಯಿತು. ಅರ್ಥವಾದದ್ದರಿಂದಲೇ ದಿಗಿಲೂ ಹೆಚ್ಚಿತು.

ಡ್ರೈವರನ್ನು ಇಂಟರ್‌ನೆಟ್ಟಿನಿಂದ ಇಳಿಸಿಕೊಳ್ಳಬಹುದು, ಆದರೆ ಕ್ಯಾಮೆರಾದ ಮಾಡೆಲ್ ನಂಬರು ಬೇಕು. ನಂಬರು ಕ್ಯಾಮೆರಾದ ಬೆನ್ನ ಮೇಲೆ ಅಚ್ಚಾಗಿತ್ತು. ಆರು ವರ್ಷದ ಹಿಂದೆ ಬೆಂಗಳೂರಿನ ಎಸ್‌ಪಿ ರಸ್ತೆಯಲ್ಲಿ ಚೌಕಾಸಿ ಮಾಡಿ ತಂದ ಅಗ್ಗದ ಮಾಲು ಅದು. ಆ ಆರು ವರ್ಷವೂ ಆಯುಧಪೂಜೆಗೆ ದೇವೇಂದ್ರನ ತಾಯಿ ರುಕ್ಮಿಣಮ್ಮ ಅಂಗಡಿಗೆ ಬಂದು, ಒಂದೊಂದು ಯಂತ್ರವನ್ನೂ ಒದ್ದೆ ಬಟ್ಟೆಯಲ್ಲಿ ಉಜ್ಜಿ ವಿಭೂತಿ ಬಳಿದು ಕುಂಕುಮ ಇಟ್ಟಿದ್ದರು. ಕ್ಯಾಮೆರಾದ ಮುಖಕ್ಕೆ ವಿಭೂತಿ ಹಚ್ಚಿದರೆ ಗಾಜು ಕೆಡುತ್ತದೆಂದು ಮಗ ಹೇಳಿದ್ದಕ್ಕೆ, ಪಾಪ, ಪ್ರತಿ ವರ್ಷವೂ ಬೆನ್ನಿಗೇ ಹಚ್ಚಿದ್ದರು. ಹಬ್ಬ ಕಳೆದ ಮೇಲೆ ಬಿಡದೆ ಉಜ್ಜಿ ತೆಗೆದಿದ್ದರು. ಈಗ ಬೆನ್ನ ಮೇಲೆ ಉಳಿದದ್ದು ಒಂದು ಸೊನ್ನೆ, ಅರ್ಧ ಅಕ್ಷರ. ಭಕ್ತಿಗೆ ಯಾರನ್ನು ಬೈಯುವುದು?

ನಂಬರಿಲ್ಲದೆಯೇ ದೇವೇಂದ್ರ ಹುಡುಕಿದ. ಕ್ಯಾಮೆರಾದ ಹೆಸರು ಹೊಡೆದರೆ ನೂರಾರು ಪುಟಗಳು ಬಂದವು. ಎಲ್ಲದರಲ್ಲೂ ಹಸಿರು ಬಟನ್ನು, ಎಲ್ಲವೂ ಇದೇ ನಿಮ್ಮ ಡ್ರೈವರು ಎನ್ನುವವೇ. ಒಂದನ್ನು ಒತ್ತಿದರೆ ಮದುವೆಯ ಜಾಹೀರಾತು ಬಂತು. ಇನ್ನೊಂದು ಇಳಿದು, ಇಂಥ ಉಪಕರಣ ಇಲ್ಲಿಲ್ಲ ಎಂದು ಹೇಳಿ ಕಂತಿತು. ಮೂರನೆಯದನ್ನು ಹಾಕುತ್ತಲೇ ಪರದೆ ಪೂರ್ತಿ ನೀಲಿಯಾಗಿ ಕಂಪ್ಯೂಟರು ಸತ್ತು ಮತ್ತೆ ಹುಟ್ಟಿತು. ಆ ನೀಲಿ ಕಂಡ ಆಂಜಿನಪ್ಪ ಬೇರೆ ದಾರಿ ಯೋಚಿಸತೊಡಗಿದ. ಬೆಂಗಳೂರಿಗೆ ಹೋಗಿ ಹೊಸ ಕ್ಯಾಮೆರಾ ತರೋಣವೆಂದರೆ ತಾನು ಮುಟ್ಟುವ ಹೊತ್ತಿಗೆ ಅಲ್ಲಿ ಅಂಗಡಿ ಮುಚ್ಚಿರುತ್ತವೆ, ಬೆಳಿಗ್ಗೆ ಅವರು ತೆಗೆಯುವುದು ಹತ್ತೂವರೆಗೆ. ಹರ್ಷಿತ ಪಕ್ಕದ ಸ್ಟೂಲಿನ ಮೇಲೆ ಕೂತು ಅಪ್ಪನ ಮುಖವನ್ನೂ ಪರದೆಯನ್ನೂ ನೋಡುತ್ತಿದ್ದಳು. ಏನಾಯಿತು ಎಂದು ಕೈ ತಿರುಗಿಸಿ ಕೇಳಿದಳು. ಏನಿಲ್ಲ, ಕೂತ್ಕೋ ಎಂದು ಅವನು ಸನ್ನೆ ಮಾಡಿದ. ಡ್ರೈವರಿಗೆ ಅವರ ಮನೆಯಲ್ಲಿ ಸನ್ನೆ ಇರಲಿಲ್ಲ.

ಕೊನೆಗೆ ದೇವೇಂದ್ರನಿಗೆ ಹೊಳೆಯಿತು: ಕ್ಯಾಮೆರಾದ ಜೊತೆಗೆ ಒಂದು ಪುಟ್ಟ ಸಿ.ಡಿ. ಬಂದಿತ್ತು, ಅದರಲ್ಲಿ ಡ್ರೈವರ್ ಇದ್ದೇ ಇರುತ್ತದೆ. ಮೇಜಿನ ಖಾನೆ ಹುಡುಕಿದ, ಅಟ್ಟ ಹುಡುಕಿದ. ಹುಡುಕುತ್ತಾ ಹುಡುಕುತ್ತಾ ಅವನ ಕೈ ನಿಧಾನವಾಯಿತು. ಆಂಜಿನಪ್ಪನ ಕಡೆ ತಿರುಗಿ, “ಅಣ್ಣ, ಆವತ್ತು ನೀನು ಹಳೇ ಸಿ.ಡಿ. ಇದ್ರೆ ಕೊಡು ಅಂತ ಒಂದು ಕವರ್ ತುಂಬ ತಗೊಂಡೋದೆಯಲ್ಲ” ಎಂದ.

ಹೌದು, ಒಯ್ದಿದ್ದ. ಆಂಜಿನಪ್ಪನಿಗೆ ಮನೆಯ ಹಿಂದೆ ಅರ್ಧ ಎಕರೆ ದ್ರಾಕ್ಷಿ ತೋಟವಿದೆ. ಕಾಯಿಗೆ ಬಣ್ಣ ತಿರುಗುವ ಹೊತ್ತಿಗೆ ಗಿಣಿಗಳು ಹಿಂಡುಗಟ್ಟಿ ಬರುತ್ತವೆ. ಆ ಕಡೆಯವರೆಲ್ಲ ಮಾಡುವಂತೆ ಅವನೂ ಹಾಳಾದ ಸಿ.ಡಿ.ಗಳಿಗೆ ದಾರ ಕಟ್ಟಿ ಚಪ್ಪರಕ್ಕೆ ತೂಗುಹಾಕಿದ್ದ, ಬಿಸಿಲಿಗೆ ಫಳಫಳ ಹೊಳೆದು ಹಕ್ಕಿ ಬೆದರಲೆಂದು. ಕಂಕುಳಲ್ಲಿ ಮಗು ಇಟ್ಟುಕೊಂಡು ಊರೆಲ್ಲ ಹುಡುಕಿದಂತಾಯಿತು ಅವನ ಕಥೆ. ಅಷ್ಟರಲ್ಲಿ ಕತ್ತಲಾಗಿತ್ತು, ಕರೆಂಟೂ ಹೋಯಿತು. ಮನೆಗೆ ಬಂದವನು ಮುದ್ದೆ ಮುರಿದು ತಟ್ಟೆಯಲ್ಲೇ ಬಿಟ್ಟ, ಕಣ್ಣಿಗೆ ಕಣ್ಣು ಹತ್ತಲಿಲ್ಲ.

ಬೆಳಕು ಹರಿಯುತ್ತಲೇ ತೋಟಕ್ಕೆ ನುಗ್ಗಿದ. ಚಪ್ಪರದ ಕೆಳಗೆ ಬಗ್ಗಿ ಬಗ್ಗಿ ಒಂದೊಂದು ಸಿ.ಡಿ.ಯನ್ನೂ ಹರಿದುಕೊಂಡ. ಕೆಲವು ಬಿಸಿಲಿಗೆ ಬಿಳಿಚಿದ್ದವು, ಕೆಲವಕ್ಕೆ ಹಿಕ್ಕೆ ಮೆತ್ತಿತ್ತು. ಯಾವುದರಲ್ಲಿ ಏನು ಬರೆದಿದೆಯೋ ಅವನಿಗೆ ತಿಳಿಯದು, ಇಂಗ್ಲಿಷು ಬಾರದು. ಎಲ್ಲವನ್ನೂ ಚೀಲಕ್ಕೆ ತುಂಬಿದ. ನಲವತ್ತೊಂದು ತುಂಬಿದ ಮೇಲೆ ಬೆನ್ನ ಮೇಲೆ ಬಿಸಿಲು ಬಿದ್ದದ್ದು ಗೊತ್ತಾಗಿ, ವಾಲ್ವು ಎಂದು ಬೆಚ್ಚಿಬಿದ್ದ. ಹದಿನೆಂಟು ವರ್ಷದಲ್ಲಿ ಒಂದು ದಿನವೂ ತಪ್ಪದಿದ್ದ ಕೆಲಸ. ಚೀಲ ಹೊತ್ತುಕೊಂಡೇ ಓಡಿದ. ಮೇಲಿನ ಬೀದಿಯ ಹೆಂಗಸರ ಕೊಡಗಳು ತುಂಬಿಯಾಗಿದ್ದವು, ಕೆಳಗಿನ ಬೀದಿಗೂ ನೀರು ಬರುತ್ತಿತ್ತು. ಹರ್ಷಿತ ಹೋಗಿ ತಿರುಗಿಸಿ ಬಂದಳು ಎಂದಳು ಪಾಪಮ್ಮ. ಅವಳಿಗೆ ಅದು ಯಾವಾಗ ತಿಳಿಯಿತೆಂದು ಕೇಳುವಷ್ಟು ವ್ಯವಧಾನ ಆಂಜಿನಪ್ಪನಿಗೆ ಇರಲಿಲ್ಲ. ಸರಿಯಾಗಿ ತಿರುಗಿಸಿದ್ದಾಳೋ ಇಲ್ಲವೋ ಎಂದು ಹೋಗಿ ಮುಟ್ಟಿ ನೋಡಿದ. ಸರಿಯಾಗಿಯೇ ಇತ್ತು.

ಒಂಬತ್ತೂವರೆಗೆ ಅಪ್ಪ ಮಗಳು ಸೆಂಟರಿನಲ್ಲಿದ್ದರು. ಹರ್ಷಿತ ಹಸಿರು ಚೂಡಿದಾರ ಹಾಕಿಕೊಂಡು ಜಡೆ ಬಿಗಿದು ಕಟ್ಟಿದ್ದಳು. ದೇವೇಂದ್ರ ಚೀಲವನ್ನು ನೆಲಕ್ಕೆ ಸುರಿದ. ಭಕ್ತಿಗೀತೆ, ಸಿನಿಮಾ, ಯಾರದೋ ಮದುವೆ. ಇಪ್ಪತ್ತೊಂಬತ್ತನೆಯದೋ ಮೂವತ್ತನೆಯದೋ ಅದೇ ಪುಟ್ಟ ಸಿ.ಡಿ. ಆಂಜಿನಪ್ಪ ಮನೆದೇವರಿಗೆ ಕೈ ಮುಗಿದ. ದೇವೇಂದ್ರ ಅದನ್ನು ತಿರುಗಿಸಿ ಬೆಳಕಿಗೆ ಹಿಡಿದ. ಅದರ ಬೆಳ್ಳಿಯ ಪೊರೆ ಎರಡು ಬೇಸಿಗೆಯ ಬಿಸಿಲಿಗೆ ರೂಪಾಯಿಯಗಲ ಎದ್ದುಹೋಗಿತ್ತು, ಆಚೆಗಿನ ರಸ್ತೆ ಕಾಣುತ್ತಿತ್ತು. ಆದರೂ ಹಾಕಿ ನೋಡಿದ. ಕಂಪ್ಯೂಟರು ಹಿಟ್ಟಿನ ಗಿರಣಿಯಂತೆ ಕಿರುಗುಟ್ಟಿ ಅದನ್ನು ಹೊರಕ್ಕೆ ತಳ್ಳಿತು.

ಗಂಟೆ ಹತ್ತಾಯಿತು. ಆಂಜಿನಪ್ಪ ಲೈನ್‌ಮನ್ನಿಗೆ ಫೋನು ಮಾಡಿ, ಹನ್ನೆರಡರ ತನಕ ಕರೆಂಟು ತೆಗೆಯಬೇಡಪ್ಪಾ ಎಂದು ಅಂಗಲಾಚಿದ. ಮೇಲಿನಿಂದ ಹೇಳಿದರೆ ತಾನೇನು ಮಾಡಲಿ ಎಂದ ಅವನು. ಅದೂ ಅಡ್ಡಗೋಡೆಯ ಮೇಲೆ ದೀಪ. ಆಂಜಿನಪ್ಪ ಫೋನಿಟ್ಟ. ಮಗಳ ಜೀವನವನ್ನು ತಾನೇ ದಾರ ಕಟ್ಟಿ ಗಿಣಿಗಳ ಮುಂದೆ ತೂಗುಹಾಕಿದೆನಲ್ಲ ಎಂದು ತನ್ನನ್ನೇ ಶಪಿಸಿಕೊಂಡ. ರಸ್ತೆಯ ಆಚೆ ರೇಡಿಯೋ, ಟಿವಿ, ಮೊಬೈಲು ರಿಪೇರಿ ಮಾಡುವ ಮಸ್ತಾನ್ ಸಾಬರು ಆಗತಾನೆ ಬಾಗಿಲು ತೆಗೆಯುತ್ತಿದ್ದರು. ಆಂಜಿನಪ್ಪ ಯಾಕೆ ಹೀಗೆ ಅಂಗಡಿಯ ಒಳಗೂ ಹೊರಗೂ ಓಡಾಡುತ್ತಿದ್ದಾನೆಂದು ಅವರೇ ಬಂದು ವಿಚಾರಿಸಿದರು. ದೇವೇಂದ್ರ ನಂಬರು ಅಳಿಸಿಹೋದ ಕಥೆ ಹೇಳಿದ.

“ಮೇಲಿನ ನಂಬರ್ ಯಾಕೆ ಬೇಕು? ಇಂಥ ಸಸ್ತಾ ಮಾಲಿಗೆ ಡಬ್ಬಿ ನೂರು ತರ, ಒಳಗಿನ ಚಿಪ್ ನಾಲ್ಕೇ ತರ. ಚಿಪ್ ಏನು ಅಂತ ನೋಡ್ಬೇಕು, ಅಷ್ಟೇ” ಎಂದರು ಸಾಬರು.

ಕ್ಯಾಮೆರಾವನ್ನು ತಮ್ಮ ಮೇಜಿಗೆ ಒಯ್ದು, ಸಾಸಿವೆಯಷ್ಟು ಸಣ್ಣ ಎರಡು ತಿರುಪು ಬಿಚ್ಚಿದರು. ಭೂತಗನ್ನಡಿಯನ್ನು ಕಣ್ಣಿಗೆ ಒತ್ತಿಕೊಂಡರು. ಚಿಪ್ಪಿನ ಮೇಲಿನ ಧೂಳನ್ನು ಬ್ರಷ್ಷಿನಿಂದ ತೆಗೆದರು, ಬೆಳಕಿಗೆ ವಾರೆ ಮಾಡಿದರು, ಒಮ್ಮೆ ನಿಟ್ಟುಸಿರು ಬಿಟ್ಟರು. ಆಂಜಿನಪ್ಪ ಪಕ್ಕದಲ್ಲಿ ನಿಂತು, ಕಾಣುತ್ತಾ ಸಾಬರೇ, ಕಾಣುತ್ತಾ ಎಂದು ಕೇಳುತ್ತಲೇ ಇದ್ದ. ಹೊರಗೆ ಹೋಗಿ ಟೀ ಹೇಳು ಎಂದು ಅವನನ್ನು ಅಟ್ಟಿದರು. ಅವನು ಟೀ ಹೇಳದೆ ಬಾಗಿಲಲ್ಲೇ ನಿಂತ. ಹತ್ತು ಗಂಟೆ ಮೂವತ್ತೆರಡು ನಿಮಿಷಕ್ಕೆ ಸಾಬರು ಒಂದೊಂದೇ ಅಂಕಿ ಓದಿದರು. ದೇವೇಂದ್ರ ಅಂಗೈ ಮೇಲೆ ಬರೆದುಕೊಂಡು ರಸ್ತೆ ದಾಟಿ ಓಡಿದ. ಸಾಬರು ಕ್ಯಾಮೆರಾವನ್ನು ಮತ್ತೆ ಜೋಡಿಸಿಕೊಂಡು ಹಿಂದೆಯೇ ಬಂದರು.

ಆ ಅಂಕಿ ಹಾಕಿದಾಗ ಒಂದೇ ಒಂದು ಪುಟ ಸಿಕ್ಕಿತು. ಹಸಿರು ಬಟನ್ನಿರಲಿಲ್ಲ, ಜಾಹೀರಾತಿರಲಿಲ್ಲ, ಯಾರೋ ಪುಣ್ಯಾತ್ಮ ಹಾಕಿಟ್ಟ ಫೈಲು. ಡಾಟಾ ಕಾರ್ಡಿನ ನೆಟ್ಟು ಎತ್ತಿನ ಗಾಡಿಯಂತೆ ಏದುಸಿರು ಬಿಡುತ್ತಾ ಹತ್ತು ನಿಮಿಷ ಎಳೆಯಿತು. ನೂರಕ್ಕೆ ತೊಂಬತ್ತಾದಾಗ ಒಮ್ಮೆ ನಿಂತೇಹೋಯಿತು, ಮತ್ತೆ ಹೊರಟಿತು. ಹತ್ತು ಐವತ್ತಕ್ಕೆ ಡ್ರೈವರ್ ಒಳಗೆ ಹೋಗಿ, ಕ್ಯಾಮೆರಾದ ಪಕ್ಕದ ಪುಟ್ಟ ದೀಪ ಹತ್ತಿತು. ಕಪ್ಪು ಚೌಕದಲ್ಲಿ ಹರ್ಷಿತ ಬಂದಳು.

ತಲೆ ಕೆಳಗಾಗಿ ಬಂದಳು. ಬಾವಲಿಯ ಹಾಗೆ ಜಡೆ ಮೇಲಕ್ಕೆ, ಗಲ್ಲ ಮೇಲಕ್ಕೆ.

ಮೂವರು ಗಂಡಸರೂ ಒಟ್ಟಿಗೆ ಮಾತಾಡತೊಡಗಿದರು. ಡ್ರೈವರ್ ಇದರ ತಮ್ಮನದು ಇರಬೇಕು, ಚಿಪ್ ಅದೇ, ಕೂರಿಸಿದ ರೀತಿ ಬೇರೆ ಎಂದರು ಸಾಬರು. ತಿರುಗಿಸುವ ಆಯ್ಕೆ ಎಲ್ಲಾದರೂ ಇರುತ್ತದೆಂದು ದೇವೇಂದ್ರ ಕಂಡ ಕಂಡದ್ದನ್ನೆಲ್ಲ ಒತ್ತಿದ. ಚಿತ್ರ ಹಸಿರಾಯಿತು, ದಪ್ಪವಾಯಿತು, ಮತ್ತೆ ಮೊದಲಿನಂತಾಯಿತು. ಗಂಟೆ ಹತ್ತು ಐವತ್ತಾರು. ಕೆಲಸ ಕೇಳುವ ಹುಡುಗಿಯನ್ನು ತಲೆಕೆಳಗಾಗಿ ತೋರಿಸಿದರೆ ಯಾರು ತಾನೆ ಕೊಟ್ಟಾರು ಎಂದು ಆಂಜಿನಪ್ಪ ಅಳುವುದೊಂದು ಬಾಕಿ. ಅವನ ತೋಳನ್ನು ಯಾರೋ ಪಕ್ಕಕ್ಕೆ ಸರಿಸಿದರು. ಹರ್ಷಿತ ಎದ್ದು ಬಂದು ಕ್ಯಾಮೆರಾವನ್ನು ಅದರ ಕಾಲಿನಿಂದ ಕಿತ್ತು, ಬೋರಲು ಮಾಡಿ ಹಿಡಿದಳು. ಪರದೆಯಲ್ಲಿ ಅಂಗಡಿ ನೆಟ್ಟಗೆ ನಿಂತಿತು. ತನ್ನ ಜಡೆಯ ರಿಬ್ಬನ್ನು ಬಿಚ್ಚಿ, ಮೇಲಿನ ಶೆಲ್ಫಿನ ಮೊಳೆಗೆ ಕ್ಯಾಮೆರಾವನ್ನು ತಲೆಕೆಳಗಾಗಿ ಬಿಗಿದಳು. ಎರಡು ನಿಮಿಷದ ಕೆಲಸ. ದೇವೇಂದ್ರ ಮೌಸಿನಿಂದ ಕೈ ತೆಗೆದ. ಸಾಬರು ನಗುತ್ತಾ ತಮ್ಮ ಅಂಗಡಿಗೆ ಹೋದರು.

ಹನ್ನೊಂದಕ್ಕೆ ಸರಿಯಾಗಿ ಕರೆ ಬಂತು. ಆ ಕಡೆ ಕತ್ತರಿಸಿದ ಕೂದಲಿನ ಒಬ್ಬ ಹೆಂಗಸು. ಆಂಜಿನಪ್ಪ ಒಗ್ಗಿಹೋದ ಅಭ್ಯಾಸದಂತೆ ಮಗಳ ಪಕ್ಕ ಹೋಗಿ ನಮಸ್ಕಾರ ಮೇಡಂ, ನಮ್ಮ ಹುಡುಗಿಗೆ ಎಂದು ಶುರುಮಾಡಿದ. ಆ ಹೆಂಗಸು ತನ್ನ ಕಿವಿ ಮುಟ್ಟಿ ತಲೆಯಾಡಿಸಿದಳು. ಅವಳಿಗೂ ಕೇಳುತ್ತಿರಲಿಲ್ಲ. ಹರ್ಷಿತ ಅಪ್ಪನ ಕಡೆ ತಿರುಗದೆ, ಹೋಗು ಎಂದು ಕೈ ಮಾಡಿದಳು. ಅವನು ಬಾಗಿಲ ಹತ್ತಿರ ಹೋಗಿ ನಿಂತ.

ಅಲ್ಲಿಂದ ಅವನು ನೋಡಿದ್ದನ್ನು ಅವನ ಕಣ್ಣೇ ನಂಬಲಿಲ್ಲ. ಮಗಳ ಕೈಗಳು ಏಳುತ್ತಿದ್ದವು, ಬೀಳುತ್ತಿದ್ದವು, ಒಂದಕ್ಕೊಂದು ತಗುಲಿ ಬಿಡುತ್ತಿದ್ದವು. ಹುಬ್ಬು, ತುಟಿ, ಭುಜ ಎಲ್ಲವೂ ಮಾತಾಡುತ್ತಿದ್ದವು. ಆ ಕಡೆಯವಳು ಒಂದು ಹೇಳಿದರೆ ಇವಳು ಹತ್ತು ಹೇಳುತ್ತಿದ್ದಳು. ನಡುವೆ ಬಾಯಿ ಹಾಕುತ್ತಿದ್ದಳು, ತಮಾಷೆ ಮಾಡುತ್ತಿದ್ದಳು, ಆ ದೊಡ್ಡ ಆಫೀಸಿನವಳು ಹಣೆ ಹಿಡಿದುಕೊಂಡು ನಗುತ್ತಿದ್ದಳು. ಹಾಸ್ಟೆಲಿನಿಂದ ಕರೆತರಲು ಹೋದಾಗಲೆಲ್ಲ ಅವಳು ಗೇಟಿನ ಹತ್ತಿರ ಚೀಲ ಹಿಡಿದು ತೆಪ್ಪಗೆ ನಿಂತಿರುತ್ತಿದ್ದಳು. ಆಂಜಿನಪ್ಪ ಇಪ್ಪತ್ತು ವರ್ಷ, ಮಗಳು ಬಹಳ ಗಂಭೀರ, ಬಹಳ ಮೌನಿ ಎಂದು ಊರಿಗೆಲ್ಲ ಹೇಳಿಕೊಂಡು ಬಂದಿದ್ದ. ಇವಳು ವಾಚಾಳಿ. ಇವಳು ಅವನ ತಾಯಿ ಪಿಳ್ಳಮ್ಮನಂಥ ವಾಚಾಳಿ, ಕಟ್ಟೆಯ ಮೇಲೆ ಕೂತರೆ ಸಂಜೆಯವರೆಗೂ ಏಳದ ಹಾಗೆ. ಅವನಿಗೆ ಒಂದೇ ಒಂದು ಸನ್ನೆಯೂ ಅರ್ಥವಾಗಲಿಲ್ಲ.

ಇಪ್ಪತ್ತೈದು ನಿಮಿಷದ ಮೇಲೆ ಕರೆ ಮುಗಿಯಿತು. ಕರೆಂಟು ಹೋಗಿರಲಿಲ್ಲ. ಹರ್ಷಿತಳ ಮುಖ ಕೆಂಪೇರಿತ್ತು. ಏನು ಕೇಳಿದರಂತೆ, ಇಷ್ಟು ಹೊತ್ತು ಏನು ಹೇಳಿದಳಂತೆ ಎಂದು ಆಂಜಿನಪ್ಪ ದೇವೇಂದ್ರನನ್ನು ಕೇಳಿದ. ಅವನಿಗೇನು ಗೊತ್ತು? ಅವನು ಕಾಗದ ಪೆನ್ನು ಕೊಟ್ಟು ಅವಳಿಂದ ಬರೆಸಿ, ಬರೆದಂತೆಲ್ಲ ಓದಿ ಹೇಳಿದ. ಕೆಲಸದ ವಿಷಯ ಕೇಳಿದರು. ಯಂತ್ರ ನಿಲ್ಲಿಸುವುದು ಗೊತ್ತೇ ಎಂದರು, ನೀರಿನ ವಾಲ್ವು ತಿರುಗಿಸುವುದು ಗೊತ್ತು ಎಂದೆ. ಕ್ಯಾಮೆರಾವನ್ನು ತಲೆಕೆಳಗೆ ಕಟ್ಟಿದ ಕಥೆ ಹೇಳಿದೆ, ಅದಕ್ಕೇ ನಕ್ಕಿದ್ದು. ಇಷ್ಟನ್ನು ಓದಿ ದೇವೇಂದ್ರ ಕಾಗದವನ್ನು ಮಡಿಸಹೋದ. ಇನ್ನೂ ಒಂದು ಸಾಲು ಇತ್ತಲ್ಲ ಎಂದ ಆಂಜಿನಪ್ಪ.

ದೇವೇಂದ್ರ ತಲೆ ಎತ್ತದೆ ಓದಿದ. “ಮನೆಯಲ್ಲಿ ಯಾರ ಜೊತೆ ಮಾತಾಡುತ್ತೀ ಎಂದು ಕೇಳಿದರು. ಯಾರೂ ಇಲ್ಲ, ಅಪ್ಪನೇ ನನ್ನ ಪರವಾಗಿ ಮಾತಾಡುತ್ತಾರೆ ಎಂದೆ.”

ಬೈಗುಳವಾಗಿದ್ದರೆ ಆಂಜಿನಪ್ಪ ತಡೆದುಕೊಳ್ಳುತ್ತಿದ್ದ, ನೀರು ಬಿಡುವವನಿಗೆ ಬೈಗುಳ ಹೊಸದಲ್ಲ. ಇದು ಬೈಗುಳವಾಗಿರಲಿಲ್ಲ. ಅವಳು ಇದ್ದದ್ದನ್ನು ಇದ್ದ ಹಾಗೆ ಬರೆದು, ಜಡೆಗೆ ರಿಬ್ಬನ್ನು ಕಟ್ಟಿಕೊಳ್ಳುತ್ತಿದ್ದಳು. ಮಗಳ ಬಾಯಿಯಾಗಿದ್ದೇನೆಂದು ಮೆರೆಯುತ್ತಾ, ಅವಳ ಕೈಗಳನ್ನು ಇಷ್ಟು ವರ್ಷ ಮಡಿಲಲ್ಲಿ ಕಟ್ಟಿ ಕೂರಿಸಿದ್ದೆನಲ್ಲ ಎಂದು ಅವನಿಗೆ ಅನಿಸಿತು.

ವಾಪಸು ಬರುವಾಗ ನಡುದಾರಿಯ ಹುಣಸೆಮರದ ಹತ್ತಿರ ಅವನು ಗಾಡಿ ನಿಲ್ಲಿಸಿದ. ಗಾಡಿ ಓಡಿಸುತ್ತಾ ಕೈಯಲ್ಲಿ ಮಾತಾಡಲಾಗದು, ಬೆನ್ನು ತೋರಿಸಿಕೊಂಡೂ ಆಗದು. ಆಕಾಶದಲ್ಲಿ ವಿಮಾನವೊಂದು ಇಳಿಯುವ ಸದ್ದು ಅವನಿಗೆ ಮೊದಲು ಕೇಳಿತು. ಅವನು ತಲೆ ಎತ್ತಿದ್ದನ್ನು ಕಂಡು ಅವಳೂ ಎತ್ತಿದಳು. ವಿಮಾನವನ್ನು ತೋರಿಸಿ, ಇದಕ್ಕೆ ಏನಂತೀಯ ಎಂದು ಕೈ ತಿರುಗಿಸಿದ. ಹರ್ಷಿತ ಅವನನ್ನು ಅನುಮಾನದಿಂದ ನೋಡಿದಳು, ಆಮೇಲೆ ಹೆಬ್ಬೆರಳು ಕಿರುಬೆರಳು ಚಾಚಿ ಕೈಯನ್ನು ತೇಲಿಸಿದಳು. ಅವನೂ ಮಾಡಿದ. ತಪ್ಪಾಯಿತು. ಅವಳು ಅವನ ಕಿರುಬೆರಳನ್ನು ಹಿಡಿದು ನೆಟ್ಟಗೆ ಮಾಡಿದಳು.

ಹತ್ತು ದಿನದ ಮೇಲೆ ಪೋಸ್ಟ್‌ಮ್ಯಾನ್ ಬಂದು ದಪ್ಪ ಲಕೋಟೆಯೊಂದನ್ನು ಯಾವಾಗಿನಂತೆ ಆಂಜಿನಪ್ಪನಿಗೆ ಚಾಚಿದ. ಆಂಜಿನಪ್ಪನ ಕೈ ಮುಂದೆ ಹೋಗಿಯೂ ಇತ್ತು. ಅದನ್ನು ಹಿಂದಕ್ಕೆ ಎಳೆದುಕೊಂಡ.

“ನಂಗ್ಯಾಕಪ್ಪಾ ಕೊಡ್ತೀಯ, ಅವ್ಳ ಹೆಸರಿಗೆ ಬಂದಿರೋದು. ಅವ್ಳಿಗೇ ಕೊಡು.”

ಹರ್ಷಿತ ಜಗಲಿಯ ಮೇಲೆ ಕೂತು ಲಕೋಟೆ ಹರಿದು ಓದಿದಳು. ಓದಿ ಮುಗಿಸಿ ಎದ್ದು ನಿಂತು, ಅಪ್ಪ ಅಮ್ಮನ ಮುಂದೆ ಎರಡೂ ಕೈಯಿಂದ ಬಡಬಡ ಹೇಳಿದಳು. ಕೆಲಸ ಸಿಕ್ಕಿದೆ ಎಂಬುದು ಅವಳ ಮುಖದಲ್ಲೇ ಇತ್ತು, ಅದಕ್ಕೆ ಸನ್ನೆ ಬೇಕಿರಲಿಲ್ಲ. ಆ ಹತ್ತು ದಿನ ಅವಳಿಂದ ಕಲಿತದ್ದರ ಬಲದಲ್ಲಿ ಉಳಿದದ್ದರಲ್ಲಿ ಆಂಜಿನಪ್ಪನಿಗೆ ಅರ್ಧ ತಿಳಿಯಿತು. ಏನೆಂದಳು ಎಂದು ಪಾಪಮ್ಮ ಅವನನ್ನು ಕೇಳಿದಳು. ಅವನು ಮಗಳ ಕಡೆ ತಿರುಗಿ, ಇನ್ನೊಂದು ಸಲ, ನಿಧಾನವಾಗಿ ಹೇಳು ಎಂದು ಕೈಯಲ್ಲೇ ಕೇಳಿದ.